ಮೋಡವಿಲ್ಲದ ನೀರು

1938ನೆಯ ಇಸವಿ ಡಿಸೆಂಬರ್ 6, ಮಂಗಳವಾರ, ಬೆಳಿಗ್ಗೆ ಎಂಟು ಗಂಟೆ ಏಳು ನಿಮಿಷಕ್ಕೆ ಆಳಂದದ ತಹಸೀಲು ಕಚೇರಿಯ ಗುಮಾಸ್ತ ಸೈದಪ್ಪ ಮಳೆಯ ರಿಜಿಸ್ಟರಿನಲ್ಲಿ ನಾಲ್ಕು ಸೊನ್ನೆ ಬರೆದ. ಮೊದಲನೆಯದು ಆ ದಿನದ್ದು, ನ್ಯಾಯವಾದದ್ದು. ಉಳಿದ ಮೂರು ಬುಧವಾರ, ಗುರುವಾರ, ಶುಕ್ರವಾರದವು. ಆ ದಿನಗಳು ಇನ್ನೂ ಹುಟ್ಟಿರಲಿಲ್ಲ.

ಸೈದಪ್ಪ ಸುಳ್ಳುಗಾರನಲ್ಲ. ಹನ್ನೊಂದು ವರ್ಷದಿಂದ ಕಚೇರಿಯ ಅಂಗಳದ ಮಳೆ ಡಬ್ಬಿಯನ್ನು ಅವನೇ ನೋಡಿಕೊಂಡು ಬಂದಿದ್ದ. ನೆಲದಲ್ಲಿ ಅರ್ಧ ಹೂತ ತಾಮ್ರದ ಡಬ್ಬಿ ಅದು. ಬಾಯಿಯ ಅಗಲ ಐದು ಇಂಚು, ಬಾಯಿಗೆ ಒಂದು ಆಲಿಕೆ, ಆಲಿಕೆಯ ಕೆಳಗೆ ಬಾಟಲಿ. ದಿನವೂ ಸ್ನಾನ ಮಾಡಿ, ಚಪ್ಪಲಿ ದೂರ ಬಿಟ್ಟು, ಅದರ ಮುಂದೆ ತುದಿಗಾಲಲ್ಲಿ ಕುಳಿತು, ಕೀಲಿ ತೆಗೆದು, ಬಾಟಲಿಯನ್ನು ಎರಡೂ ಕೈಯಿಂದ ಎತ್ತುತ್ತಿದ್ದ. ನೀರಿದ್ದರೆ ಗೆರೆ ಕೊರೆದ ಗಾಜಿನ ಗ್ಲಾಸಿಗೆ ಸುರಿದು, ಅದನ್ನು ಕಣ್ಣಿನ ಸಮಕ್ಕೆ ಹಿಡಿದು, ಒಂದು ಕಣ್ಣು ಮುಚ್ಚಿ, ಉಸಿರು ಬಿಗಿಹಿಡಿದು ಓದುತ್ತಿದ್ದ. ಇಂಚಿನ ನೂರನೆಯ ಒಂದು ಪಾಲಿಗೆ ಸೆಂಟು ಎಂದು ಹೆಸರು. ಸೈದಪ್ಪನ ಆಯುಷ್ಯವೆಲ್ಲ ಸೆಂಟುಗಳಲ್ಲೇ ಕಳೆದಿತ್ತು. ಅಷ್ಟಿಷ್ಟೇ ನೀರನ್ನು ನೋಡಿ ನೋಡಿ, ಒಮ್ಮೆಯಾದರೂ ಗ್ಲಾಸಿಗೆ ಹಿಡಿಯದಷ್ಟು ನೀರನ್ನು ನೋಡಬೇಕೆಂಬ ಆಸೆ ಅವನಿಗೆ ಹುಟ್ಟಿದ್ದರೆ ತಪ್ಪೇನಿಲ್ಲ.

ಬಟ್ಟೆ ವ್ಯಾಪಾರಿ ಅಬ್ದುಲ್ ಗನಿ ಅವನ ಚಡ್ಡಿ ದೋಸ್ತ. ಅವನು ಮಾಲು ತರಲು ಹೆಂಡತಿ ಹಜರಾಬಿಯನ್ನು ಕರೆದುಕೊಂಡು ಮುಂಬಯಿಗೆ ಹೊರಟಿದ್ದ.

"ಬರ್ತೀಯೇನೋ ಸೈದಪ್ಪಾ? ಅರ್ಧಾ ದಿನದಾಗ ಬಸ್ಸಿನ್ಯಾಗ ಕುಂದ್ರಿಸಿ ಇಡೀ ಮುಂಬೈ ತೋರಸ್ತಾರ. ಸಂಗಾಟ ಒಬ್ಬ ಗೈಡ್ ಇರ್ತಾನ. ಸಮುದ್ರ ನೋಡೀಯಂತ."

"ರಜಾ ಕೇಳಿದ್ರ ತಹಸೀಲ್ದಾರ ಸಾಹೇಬ್ರು ಕೊಡಂಗಿಲ್ಲೋ."

"ಸಾಹೇಬ್ರು ಗುಲ್ಬರ್ಗಾಕ್ಕ ಹೋಗ್ಯಾರ. ಶುಕ್ರವಾರ ಹತ್ತಕ್ಕ ಬರೋದು. ನೀ ಎಂಟಕ್ಕ ಇಲ್ಲಿ ಇರ್ತಿ."

ತಹಸೀಲ್ದಾರ ಶರಫುದ್ದೀನ ಸಾಹೇಬರು ಬೇರೆ ವಿಷಯದಲ್ಲಿ ಮೆತ್ತಗಿನವರು. ಅಂಕಿಯ ವಿಷಯದಲ್ಲಿ ಮಾತ್ರ ಕಲ್ಲು. ನೋಡದೆ ಅಂಕಿ ಬರೆದವನ ನೌಕರಿ ಅವತ್ತೇ ಖಲಾಸ್ ಎಂದು ಕಚೇರಿಯಲ್ಲಿ ಎಲ್ಲರ ಎದುರಿಗೆ ಹೇಳಿದ್ದರು. ಸೈದಪ್ಪ ಆಕಾಶ ನೋಡಿದ. ನರೋಣಾ ಊರಿನ ಕಡೆಯಿಂದ ಮಟಕಿ ಊರಿನ ಕಡೆಯವರೆಗೆ ತೊಳೆದಿಟ್ಟ ತಾಟಿನ ಹಾಗೆ ಬರಿದಾಗಿತ್ತು. ಹನ್ನೊಂದು ವರ್ಷದಲ್ಲಿ ಡಿಸೆಂಬರಿನ ಈ ವಾರ ಒಂದು ಸೆಂಟೂ ಬಿದ್ದಿರಲಿಲ್ಲ. ಮೋಟಾರು ತಡವಾದರೂ ಇರಲೆಂದು ಶುಕ್ರವಾರದ್ದನ್ನೂ ಸೇರಿಸಿ ಸೊನ್ನೆ ಬರೆದ.

ಹೊರಡುವಾಗ ತಾಯಿ ಮಾಳಮ್ಮ ಕಚೇರಿಗೆ ಹೊಂದಿಕೊಂಡಿದ್ದ ಮನೆಯ ಬಾಗಿಲಿಗೆ ಬಂದು ಅಂಗಳದ ಡಬ್ಬಿಯ ಕಡೆ ಕೈ ತೋರಿಸಿದಳು. "ನೀ ಹೊಂಟಿ. ಅದಕ್ಕ ಯಾರು ದಿಕ್ಕೋ ಯಪ್ಪಾ?"

"ಅದಕ್ಕೇನಾಗ್ತದಬೇ? ಮೂರು ದಿನ ತನ್ನ ಪಾಡಿಗೆ ತಾನಿರ್ತದ. ಯಾರೂ ಮುಟ್ಟಬ್ಯಾಡ್ರಿ ಅಷ್ಟ."

"ಛೀ ಛೀ, ನಾ ಯಾಕ ಮುಟ್ಲಿ?" ಎಂದಳು ಮಾಳಮ್ಮ.

ಬುಧವಾರ ಮುಂಬಯಿಗೆ ಮುಟ್ಟಿದರು. ಗುರುವಾರ ಬೆಳಿಗ್ಗೆ ಎಂಟಕ್ಕೆ ಬೋರಿಬಂದರು ಸ್ಟೇಷನ್ನಿನ ಎದುರು ಬಸ್ಸು ಹತ್ತಿದರು. ಹನ್ನೆರಡೂವರೆಗೆ ಬಸ್ಸು ತಿರುಗಿ ಅಲ್ಲಿಗೇ ತಂದು ಬಿಡುವುದು, ಎರಡು ಗಂಟೆಯ ರೈಲು, ಶುಕ್ರವಾರ ನಸುಕಿಗೆ ಗುಲ್ಬರ್ಗಾ, ಅಲ್ಲಿಂದ ಮೊದಲ ಮೋಟಾರು, ಎಂಟಕ್ಕೆ ಆಳಂದ. ಸೈದಪ್ಪ ಇದನ್ನೆಲ್ಲ ಬಸ್ಸಿನ ಟಿಕೆಟ್ಟಿನ ಹಿಂದೆ ಬರೆದುಕೊಂಡಿದ್ದ.

ಗೈಡ್ ಕುಳ್ಳ ಮನುಷ್ಯ, ಕೊರಳಲ್ಲಿ ಸೀಟಿ. ಆ ಸೀಟಿ ಊದದೆ ಅವನಿಗೆ ಮಾತು ಹೊರಡುತ್ತಿರಲಿಲ್ಲ. ಅಪೋಲೊ ಬಂದರಿನ ಕಲ್ಲಿನ ಕಮಾನು ತೋರಿಸಿ ಊದಿದ, ಚೌಪಾಟಿಯ ಮರಳು ತೋರಿಸಿ ಊದಿದ, ಗುಡ್ಡದ ಮೇಲಿನ ತೋಟದಲ್ಲಿ ಆನೆಯ ಆಕಾರಕ್ಕೆ ಕತ್ತರಿಸಿದ ಗಿಡ ತೋರಿಸಿ ಎರಡು ಸಲ ಊದಿದ.

"ಗಿಡಕ್ಕ ಕ್ಷೌರ ಮಾಡ್ತಾರ ನೋಡ್ರಿ," ಎಂದು ಹಜರಾಬಿ ಬೆರಗಾದಳು. "ನಮ್ಮ ಇವ್ರಿಗೆ ತಿಂಗಳಿಗೊಮ್ಮಿ ಮಾಡಸ್ಬೇಕಂದ್ರ ಜೀವ ಹೋಗ್ತದ."

ಸೈದಪ್ಪನ ಕಣ್ಣು ಮಾತ್ರ ಬಸ್ಸಿನ ಎಡಗಡೆಯ ಕಿಟಕಿ ಬಿಟ್ಟು ಕದಲಲಿಲ್ಲ. ಅಷ್ಟು ನೀರು! ಅದರ ಮುಂದೆ ಅವನ ಹನ್ನೊಂದು ವರ್ಷದ ರಿಜಿಸ್ಟರು ಒದ್ದೆ ಅರಿವೆ ಹಿಂಡಿದಷ್ಟೂ ಇರಲಿಲ್ಲ. ಆದರೆ ಬಸ್ಸು ಎಲ್ಲಿಯೂ ಹತ್ತು ನಿಮಿಷಕ್ಕಿಂತ ಹೆಚ್ಚು ನಿಲ್ಲುತ್ತಿರಲಿಲ್ಲ. ನೀರಿನ ಹತ್ತಿರ ಹೋಗುವಷ್ಟರಲ್ಲಿ ಸೀಟಿ.

ಒಂಬತ್ತೂವರೆಗೆ ಹಾಜಿ ಅಲಿ ದರ್ಗಾದ ದಂಡೆಗೆ ಬಂದರು. ಇಲ್ಲಿ ಮಾತ್ರ ಅರ್ಧ ತಾಸು ಬಿಡುವು. ದರ್ಗಾ ಸಮುದ್ರದೊಳಗೆ, ಬಂಡೆಯ ಮೇಲೆ. ದಂಡೆಯಿಂದ ಅಲ್ಲಿಯ ತನಕ ಸಪೂರವಾದ ಕಲ್ಲಿನ ಹಾದಿ. ಗೈಡ್ ಉದ್ದಕ್ಕೆ ಸೀಟಿ ಊದಿ, "ದಸ್ ಬಜೇ ವಾಪಸ್! ಪಾನೀ ಚಢೇಗಾ, ರಾಸ್ತಾ ಡೂಬೇಗಾ!" ಎಂದ.

ನಿಜಾಮರ ಸರಕಾರದ ಗುಮಾಸ್ತನಿಗೆ ಅಷ್ಟು ಮಾತು ತಿಳಿಯದೆ? ನೀರು ಏರುತ್ತದೆ, ಹಾದಿ ಮುಳುಗುತ್ತದೆ. ಸೈದಪ್ಪ ತಲೆಯೆತ್ತಿ ಆಕಾಶ ನೋಡಿದ. ನಕ್ಕ.

"ಏನ್ ನಗ್ತೀಯೋ?" ಎಂದ ಗನಿ.

"ಮ್ಯಾಲ ಒಂದು ಮೋಡ ತೋರ್ಸಪಾ ನನಗ. ಮೋಡ ಇಲ್ಲ, ಮಳಿ ಇಲ್ಲ, ನೀರು ಹ್ಯಾಂಗ ಏರ್ತದ? ಮಂದೀನ ಲಗೂ ಲಗೂ ಬಸ್ಸಿಗೆ ತುಂಬಾಕ ಇವನ ಹುನ್ನಾರ ಇದು."

"ಮತ್ತ ಮ್ಯಾಲಿನ ಊರಾಗ ಎಲ್ಲರ ಮಳಿ ಆಗಿದ್ರ? ನಮ್ಮ ಹಳ್ಳ ಹಂಗ ಬರಂಗಿಲ್ಲೇನು?"

"ಡಿಸೆಂಬರದಾಗ? ಗನೀಸಾಬ, ನೀ ಬಟ್ಟಿ ಅಳೀತಿ, ನಾ ಮಳಿ ಅಳೀತೇನಿ. ನಿನ್ನ ಗಜದ ಮಾತಿಗೆ ನಾ ಬಾಯಿ ಹಾಕೇನೇನು?"

ಹನ್ನೊಂದು ವರ್ಷದ ಸರಕಾರಿ ಅನುಭವವನ್ನು ನಂಬಿ ಮೂವರೂ ಕಲ್ಲಿನ ಹಾದಿಯಲ್ಲಿ ದರ್ಗಾಕ್ಕೆ ನಡೆದರು. ಗನಿ ಫಾತಿಹಾ ಓದಿದ, ಹಜರಾಬಿ ಹರಕೆ ಕಟ್ಟಿದಳು, ಸೈದಪ್ಪ ಕೈಮುಗಿದ. ಅವನ ಹೆಸರೇ ಒಬ್ಬ ಸೈಯದರ ಕೃಪೆ. ಮೂರು ಕೂಸು ಹೋದ ಮೇಲೆ ಮಾಳಮ್ಮ ಬೇಡಿಕೊಂಡು ಹೆತ್ತ ಮಗ. ಹತ್ತಕ್ಕೆ ಸೀಟಿ ಕೇಳಿತು. ಬಸ್ಸಿನ ಉಳಿದ ಮಂದಿಯೆಲ್ಲ ದಂಡೆಯ ಕಡೆ ನಡೆದರು. ಸೈದಪ್ಪ ಹಿಂಬದಿಯ ಬಂಡೆಗಳ ನಡುವೆ ಇಳಿದು, ಕೋಟಿನ ಒಳಜೇಬಿನಿಂದ ಫೂಟುಪಟ್ಟಿ ತೆಗೆದ. ಸಮುದ್ರದ ತನಕ ಬಂದು ಅಳೆಯದೆ ಹೋಗುವುದೆಂದರೆ ಅವನಿಗೆ ಮದುವೆಯ ಮನೆಗೆ ಹೋಗಿ ಉಣ್ಣದೆ ಬಂದ ಹಾಗೆ.

ಪಟ್ಟಿಯನ್ನು ಕಲ್ಲಿನ ಬಿರುಕಿನಲ್ಲಿ ನಿಲ್ಲಿಸಿದ. ನಾಲ್ಕು ಇಂಚು. ಟಿಕೆಟ್ಟಿನ ಮೇಲೆ ಬರೆದು, ಮತ್ತೆ ನೋಡಿದ. ಏಳು ಇಂಚು. ಕಣ್ಣು ಉಜ್ಜಿಕೊಂಡ. ಗಡಿಯಾರ ನೋಡಿದರೆ ಐದೇ ನಿಮಿಷ ಆಗಿತ್ತು. ಇನ್ನೈದು ನಿಮಿಷ ಬಿಟ್ಟು ನೋಡಿದರೆ ಹತ್ತು.

"ಗನೀ! ಲೇ ಗನೀ! ಇಲ್ಲಿ ಬಾ. ಏರಾಕತ್ತೇತಿ!"

"ಏರಾಕತ್ತಿದ್ರ ನಡಿಯೋ ಮಾರಾಯಾ!"

"ತಡಿಯೋ. ಐದು ನಿಮಿಷಕ್ಕ ಮೂರು ಇಂಚು! ನಮ್ಮ ಆಳಂದಕ್ಕ ಇಡೀ ವರ್ಷ ಬೀಳೋ ಮಳಿ ಇಲ್ಲಿ ಒಂದ ತಾಸಿನ್ಯಾಗ ಬರಾಕತ್ತೇತಿ. ಎಲ್ಲಿಂದ? ಮೋಡ ಎಲ್ಲೇತಿ?"

ಅಷ್ಟರಲ್ಲಿ ಗೈಡ್ ಊದುತ್ತ ಊದುತ್ತ ಓಡಿ ಬಂದ. ಹಾದಿಯ ತಗ್ಗಿನಲ್ಲಿ ಆಗಲೇ ಪಾದ ಮುಳುಗುವಷ್ಟು ನೀರಿತ್ತು. ನಡೆಯಿರಿ, ಚಂದ್ರ ಎಳೆಯುತ್ತಿದ್ದಾನೆ, ನಿನ್ನೆಯಷ್ಟೇ ಹುಣ್ಣಿಮೆ ಎಂದು ಹಿಂದುಸ್ತಾನಿಯಲ್ಲಿ ಕಿರುಚಿದ.

ಸೈದಪ್ಪನಿಗೆ ಸಿಟ್ಟು ಬಂತು. "ಚಂದ್ರ ಎಳೀತಾನಂತ! ಹಗಲೊತ್ತಿನ್ಯಾಗ! ಗನೀ, ಇವನಿಗೆ ಕೇಳು, ಚಂದ್ರ ನೀರು ಎಳ್ಯಾಂಗಿದ್ರ ನನ್ನ ಡಬ್ಬ್ಯಾಗಿನ ನೀರು ಹುಣ್ಣಿವಿಗೊಮ್ಮಿ ಯಾಕ ಏರಂಗಿಲ್ಲ?"

ಗೈಡನಿಗೂ ಮಾನವಿತ್ತು. ಒಂಬತ್ತು ವರ್ಷದಿಂದ ಈ ಮಾತು ಹೇಳಿಕೊಂಡು ಬಂದವನು, ಯಾರೂ ಅಲ್ಲವೆಂದಿರಲಿಲ್ಲ. ಸೀಟಿ ಬಾಯಿಂದ ತೆಗೆದು ವಾದಕ್ಕೆ ನಿಂತ. ಬೆರಳಿನಿಂದ ಗಾಳಿಯಲ್ಲಿ ಭೂಮಿ ಬರೆದ, ಚಂದ್ರನನ್ನು ಬರೆದ. ಸೈದಪ್ಪ ಫೂಟುಪಟ್ಟಿಯಿಂದ ಎರಡನ್ನೂ ಅಳಿಸಿದ. ಗನಿ ಆ ಕಡೆಯ ಮಾತು ಈ ಕಡೆ, ಈ ಕಡೆಯ ಮಾತು ಆ ಕಡೆ ಸಾಗಿಸಿದ. ಇಬ್ಬರಿಗೂ ಹಿಂದುಸ್ತಾನಿ ಬರುತ್ತದೆಂಬುದು ಮೂವರಿಗೂ ಮರೆತುಹೋಗಿತ್ತು. ಹೀಗೆ ಹನ್ನೊಂದು ನಿಮಿಷ ಕಳೆಯಿತು.

ಹಜರಾಬಿ ಬಂಡೆಯ ಮೇಲೆ ನಿಂತು ದಂಡೆಯ ಕಡೆ ನೋಡುತ್ತಿದ್ದಳು. "ಏನ್ರೀ," ಎಂದಳು ಶಾಂತವಾಗಿ, "ಹಾದಿ ಎಲ್ಲಿ ಇಟ್ಟೀರಿ?"

ಹಾದಿ ಇರಲಿಲ್ಲ. ಅದಿದ್ದ ಜಾಗದಲ್ಲಿ ತೆರೆಗಳು ಎರಡೂ ಕಡೆಯಿಂದ ಬಂದು ಕೈಕುಲುಕುತ್ತಿದ್ದವು. ದಂಡೆಯ ಮೇಲೆ ಬಸ್ಸು ಬೆಂಕಿಪೊಟ್ಟಣದಷ್ಟು ಕಾಣುತ್ತಿತ್ತು. ಗೈಡ್ ಸೀಟಿ ಊದಿದ. ಬಸ್ಸು ಒಮ್ಮೆ ಹಾರ್ನ್ ಹೊಡೆದು, ಗೈಡನನ್ನೂ ಬಿಟ್ಟು ಹೊರಟುಹೋಯಿತು.

"ಹನ್ನೊಂದು ವರ್ಷದ ಅನುಭವ!" ಎಂದ ಗನಿ.

"ಸೈದಪ್ಪಣ್ಣಾ," ಎಂದಳು ಹಜರಾಬಿ, "ಮೋಡ ಇಲ್ಲಂತೀರಲ್ಲ, ಇವ್ರ ಮಾರಿ ನೋಡ್ರಿ. ಇನ್ನೇನು ಗುಡುಗತದ."

ದರ್ಗಾದ ಮುದುಕರೊಬ್ಬರು ನಾಲ್ವರಿಗೂ ಚಹಾ ಕೊಟ್ಟು, ನೀರು ಇಳಿದು ಹಾದಿ ಕಾಣುವುದು ಮೂರು ಗಂಟೆಗೆ ಎಂದರು. ಎರಡು ಗಂಟೆಯ ರೈಲು! ಸೈದಪ್ಪ ಟಿಕೆಟ್ಟಿನ ಹಿಂದೆ ಬರೆದುಕೊಂಡ ವೇಳೆಗಳ ಮೇಲೆ ಗೀಟು ಎಳೆದ. ಇನ್ನುಳಿದದ್ದು ಸಂಜೆಯ ಗಾಡಿ. ಅದರಲ್ಲಿ ಹೋದರೆ ಆಳಂದ ಮುಟ್ಟುವಾಗ ಹತ್ತು ದಾಟುತ್ತದೆ, ಸಾಹೇಬರು ಕಚೇರಿಯಲ್ಲಿರುತ್ತಾರೆ. ಆದರೂ ಅವನೇನು ಮಾಡಿದ? ಫೂಟುಪಟ್ಟಿ ಹಿಡಿದು ಮತ್ತೆ ಬಂಡೆಗೆ ಇಳಿದ. ಹನ್ನೆರಡೂವರೆಗೆ ನೀರು ಏರುವುದು ನಿಂತಿತು, ಆಮೇಲೆ ತಾನಾಗಿ ಇಳಿಯತೊಡಗಿತು. ಟಿಕೆಟ್ಟಿನ ಹಿಂಬದಿ ತುಂಬಿ, ಗನಿಯ ಟಿಕೆಟ್ಟೂ ತುಂಬಿ, ಹಜರಾಬಿಯದನ್ನು ಕೇಳಿದ. ಕೊನೆಗೆ ಗೈಡನ ಹತ್ತಿರ ಹೋಗಿ, ಶಾಲೆಯ ಹುಡುಗನಂತೆ ಕೈಕಟ್ಟಿ, "ಆ ಚಂದ್ರಂದು ಇನ್ನೊಮ್ಮೆ ಹೇಳ್ರಿ," ಎಂದ. ಗೈಡ್ ಅವನನ್ನು ದುರುಗುಟ್ಟಿ ನೋಡಿದ. ಆಮೇಲೆ ಸೀಟಿ ಊದಿ ಮೊದಲಿನಿಂದ ಶುರುಮಾಡಿದ.

ಶುಕ್ರವಾರ ಬೆಳಿಗ್ಗೆ ಹತ್ತು ಗಂಟೆ ಇಪ್ಪತ್ತು ನಿಮಿಷಕ್ಕೆ ಸೈದಪ್ಪ ಆಳಂದದಲ್ಲಿ ಮೋಟಾರಿನಿಂದ ಜಿಗಿದು ಕಚೇರಿಗೆ ಓಡಿದ. ಹೆದರಿಕೆ ಇದ್ದರೂ ಒಂದು ಸಮಾಧಾನವಿತ್ತು. ಹಾದಿಯುದ್ದಕ್ಕೂ ನೆಲ ಒಣಗಿತ್ತು, ಮೋಟಾರಿನ ಹಿಂದೆ ಎದ್ದ ಧೂಳು ಇನ್ನೂ ಇಳಿದಿರಲಿಲ್ಲ. ಸೊನ್ನೆ ಸೊನ್ನೆಯೇ. ತಡವಾಗಿದ್ದಕ್ಕೆ ಹೊಟ್ಟೆನೋವು ಅಂದರಾಯಿತು.

ಅಂಗಳದಲ್ಲಿ ಶರಫುದ್ದೀನ ಸಾಹೇಬರು ರಿಜಿಸ್ಟರು ಹಿಡಿದು ನಿಂತಿದ್ದರು. ಮುಂದೆ ಮಳೆ ಡಬ್ಬಿ ಬಾಯಿ ತೆರೆದಿತ್ತು. ಜವಾನ ಪೀರಪ್ಪ ಬಾಟಲಿಯಿಂದ ಗ್ಲಾಸಿಗೆ ನೀರು ಸುರಿಯುತ್ತಿದ್ದ, ಚೆಲ್ಲುತ್ತಿದ್ದ, ಮತ್ತೆ ಸುರಿಯುತ್ತಿದ್ದ. ಅರ್ಧ ಇಂಚಿನ ಗ್ಲಾಸು ಅದು. ಆಗಲೇ ಐದು ಸಲ ತುಂಬಿತ್ತು.

"ಬಾ ಸೈದಪ್ಪ," ಎಂದರು ಸಾಹೇಬರು. "ಮೂರು ದಿನ ಸೊನ್ನಿ ಬರ್ದೀ. ಇದೇನಿದು?"

ಸೈದಪ್ಪ ನೀರು ನೋಡಿದ, ಆಕಾಶ ನೋಡಿದ.

"ಮ್ಯಾಲ ಯಾಕ ನೋಡ್ತಿ? ಒಂದು ಮೋಡ ಇಲ್ಲ. ಮೋಡ ಇಲ್ಲದ ನೀರು ಹ್ಯಾಂಗ ಏರ್ತದ, ಹೇಳು."

ಬುಧವಾರ ಈ ಪ್ರಶ್ನೆ ಕೇಳಿದ್ದರೆ ಸೈದಪ್ಪ ಬಾಯಿ ಮುಚ್ಚಿಕೊಂಡು ನಿಲ್ಲುತ್ತಿದ್ದ. ಆದರೆ ಹೊಸ ವಿದ್ಯೆ ಅವನ ನಾಲಗೆಯ ತುದಿಯಲ್ಲೇ ಕುಳಿತಿತ್ತು. "ಏರ್ತದ್ರಿ ಸಾಹೇಬ್ರ!" ಎಂದ ಉತ್ಸಾಹದಿಂದ. "ಚಂದ್ರ ಎಳೀತಾನ್ರಿ. ಐದು ನಿಮಿಷಕ್ಕ ಮೂರು ಇಂಚು. ನಾ ಖುದ್ದ ಅಳದೇನ್ರಿ, ಇಲ್ಲಿ ಬರ್ಕೊಂಡೇನಿ ನೋಡ್ರಿ!"

ಸಾಹೇಬರು ಮೂರು ಟಿಕೆಟ್ಟುಗಳನ್ನು ತೆಗೆದುಕೊಂಡರು. ಹಿಂಬದಿ ಓದಿದರು. ತಿರುವಿ ಮುಂಬದಿಯನ್ನೂ ಓದಿದರು. ಅಲ್ಲಿ ಮುಂಬಯಿ ಎಂದಿತ್ತು, ಗುರುವಾರದ ತಾರೀಖಿತ್ತು.

ಪೀರಪ್ಪ ಸುರಿಯುವುದನ್ನು ನಿಲ್ಲಿಸಿದ. ಆ ಹೊತ್ತಿಗೆ ಮಾಳಮ್ಮ ತಂಬಿಗೆ ಹಿಡಿದು ಅಂಗಳಕ್ಕೆ ಬಂದಳು. ಮಗನನ್ನು ಕಂಡದ್ದೇ ಅವಳ ಮುಖ ಅರಳಿತು.

"ಬಂದೇನೋ ಯಪ್ಪಾ! ಸಮುದ್ರದ ಮ್ಯಾಲ ಹೋಗ್ಯಾನ, ಏನಾಗ್ತದೋ ಅಂತ ಜೀವ ಹಾರ್ತಿತ್ತು. ನಿನ್ನ ದೇವ್ರಿಗೆ ಒಂದು ದಿನಾನೂ ತಪ್ಪಿಸಿಲ್ಲ. ದಿನಾ ಮುಂಜಾನಿ ಒಂದು ತಂಬಿಗಿ ನೀರು ಹಾಕೇನಿ. ಇವತ್ತಿಂದೂ ಆಗೇದ. ಸಾಹೇಬ್ರು ಬಂದಾರಂತ ಇನ್ನೊಂದು ತಂದೇನಿ."

"ಯವ್ವಾ!" ಎಂದ ಸೈದಪ್ಪ. "ಮುಟ್ಟಬ್ಯಾಡಂದಿದ್ನಲ್ಲ!"

"ಎಲ್ಲಿ ಮುಟ್ಟೇನೋ? ಮ್ಯಾಲಿಂದ ಹಾಕೇನಿ. ಹನ್ನೊಂದು ವರ್ಷ ನೋಡೇನಿ, ಜಳಕ ಮಾಡಿ, ಚಪ್ಲಿ ಬಿಟ್ಟು, ಕಣ್ಣು ಮುಚ್ಚಿ ಪೂಜಿ ಮಾಡ್ತಿ. ಅಂಥಾ ದೇವ್ರನ್ನ ಮೂರು ದಿನ ನೀರಿಲ್ದ ಇಡ್ಲೇನು?"

ಶರಫುದ್ದೀನ ಸಾಹೇಬರು ಆ ಕಡೆ ತಿರುಗಿ ಬಹಳ ಹೊತ್ತು ಕೆಮ್ಮಿದರು. ತಿರುಗಿದಾಗ ಕಣ್ಣಲ್ಲಿ ನೀರಿತ್ತು. "ಅಮ್ಮಾ, ನೀವು ಒಳಗ ನಡೀರಿ," ಎಂದು ಅವಳ ಕೈಯ ತಂಬಿಗೆಯನ್ನು ಗೌರವದಿಂದ ಇಸಿದುಕೊಂಡು ಪೀರಪ್ಪನಿಗೆ ಕೊಟ್ಟರು. ಆಮೇಲೆ ಸೈದಪ್ಪನ ಕಡೆ ನೋಡಿದರು.

"ನೌಕರಿ ತಗೀಬೇಕು ಅಂದಿದ್ದೆ. ತಗದ್ರ ಆ ಮುದುಕಿ ದೇವ್ರಿಗೆ ಯಾರು ಪೂಜಿ ಮಾಡ್ತಾರ? ನಾಳಿಯಿಂದ ದಿನಾ ಎರಡು ಸಲ ನೋಡ್ತಿ, ಮುಂಜಾನಿ ಎಂಟಕ್ಕ, ಸಂಜಿ ಐದಕ್ಕ. ಮುಂದಿನ ಮಳಿಗಾಲ ಮುಗಿಯೋ ತನಕ ರಜಾದ ಹೆಸರು ತೆಗೀಬ್ಯಾಡ. ಈಗ ಬರಿ. ಗ್ಲಾಸಿನ್ಯಾಗ ಎಷ್ಟದ ಅಷ್ಟ ಬರಿ. ಮ್ಯಾಲಿನ ಹುಜೂರು ಕಚೇರಿಗೆ ಅದ ಹೋಗ್ಲಿ."

ಸೈದಪ್ಪ ಚಪ್ಪಲಿ ಬಿಟ್ಟು ಡಬ್ಬಿಯ ಮುಂದೆ ಕುಳಿತ. ಕೊನೆಯ ಗ್ಲಾಸನ್ನು ಕಣ್ಣಿನ ಸಮಕ್ಕೆ ಹಿಡಿದು, ಒಂದು ಕಣ್ಣು ಮುಚ್ಚಿ ಓದಿದ. ಮೂರು ಸೊನ್ನೆಗಳ ಮೇಲೆ ಗೀಟು ಎಳೆದ. ಷರಾ ಎಂಬ ಕಡೆ, "ಆಕಾಶ ನಿರ್ಮಲ. ಗುಮಾಸ್ತನ ತಾಯಿ ಹಾಕಿದ್ದು" ಎಂದು ದುಂಡಗೆ ಬರೆದ. ಅದರ ಪಕ್ಕದ ಮನೆಯಲ್ಲಿ ಅಂಕಿ ತುಂಬಿದ: ಎರಡು ಇಂಚು ಎಂಭತ್ತಾರು ಸೆಂಟು.