ಸೊಂಟಕ್ಕೊಂದು ನಂಬರು

ಕೆಲವರು ರೋಗ ವಾಸಿ ಮಾಡಿ ಬದುಕುತ್ತಾರೆ, ಕೆಲವರು ರೋಗ ಬರಿಸಿ ಬದುಕುತ್ತಾರೆ. ನಾನು ಎರಡು ಪಂಗಡಕ್ಕೂ ಸೇರಿದವನಲ್ಲ. ಹಾಸನದ ಆಸ್ಪತ್ರೆಯೊಂದರಲ್ಲಿ ಗುಮಾಸ್ತನಾಗಿ, ರೋಗಗಳಿಗೆ ನಂಬರು ಹಾಕಿ ಅನ್ನ ತಿಂದವನು. ಡಾಕ್ಟರು ಚೀಟಿಯಲ್ಲಿ ರೋಗದ ಹೆಸರು ಬರೆದರೆ, ಪರದೇಶದಿಂದ ಬಂದ ದಪ್ಪ ಪುಸ್ತಕ ತೆರೆದು ಅದಕ್ಕೆ ತಕ್ಕ ನಂಬರು ಹುಡುಕಿ ರಿಜಿಸ್ಟರಿಗೆ ಏರಿಸುವುದು ನನ್ನ ಕೆಲಸ. ಕಾಲರಾ, ಸಿಡುಬು, ಕ್ಷಯ ಎಲ್ಲವೂ ಮರ್ಯಾದಸ್ಥ ರೋಗಗಳು. ಕರೆದ ಕೂಡಲೇ ತಮ್ಮ ನಂಬರಿನಲ್ಲಿ ಬಂದು ಕೂರುತ್ತಿದ್ದವು. ನನ್ನ ಪ್ರಾಣ ತಿಂದದ್ದು ಸೊಂಟನೋವು. ಮೂಳೆಯಿಂದ ಬಂದದ್ದಕ್ಕೆ ಒಂದು ನಂಬರು, ನರದಿಂದ ಬಂದದ್ದಕ್ಕೆ ಒಂದು, ಬಿದ್ದು ಬಂದದ್ದಕ್ಕೆ ಇನ್ನೊಂದು. ಇವು ಯಾವುವೂ ಅಲ್ಲದಿದ್ದರೆ ‘ಕಾರಣ ತಿಳಿಯದು’ ಎಂಬ ಕಡೆಯ ನಂಬರು. ನಮ್ಮ ಜಿಲ್ಲೆಯ ಸೊಂಟಗಳೆಲ್ಲ ಅಲ್ಲಿಗೇ ಹೋಗಿ ಗುಂಪುಗೂಡುತ್ತಿದ್ದವು.

ಇದು ಮೇಲಿನ ಕಚೇರಿಯವರ ಕಣ್ಣಿಗೆ ಬಿತ್ತು. ನಿಮ್ಮಲ್ಲಿ ಡಾಕ್ಟರುಗಳು ಇದ್ದಾರೋ ಇಲ್ಲವೋ ಎಂದು ಬರೆದು ಕೇಳಿದರು. ನಮ್ಮ ದೊಡ್ಡ ಡಾಕ್ಟರು ನನ್ನನ್ನು ಕರೆಸಿದರು. ಕೈಕೆಳಗಿನ ಡಾಕ್ಟರುಗಳನ್ನೇ ಕರೆಸಬಹುದಿತ್ತು. ಆದರೆ ಅವರು ತಿರುಗಿ ಮಾತಾಡುತ್ತಾರೆ.

“ನೋಡ್ರೀ, ಇನ್ಮೇಲೆ ಈ ಆಸ್ಪತ್ರೇಲಿ ಕಾರಣವಿಲ್ಲದ ಸೊಂಟ ಇರಕೂಡದು. ಒಂದೇ ಒಂದು ಕಂಡ್ರೂ ನಿಮ್ಮನ್ನ ಅರಕಲಗೂಡಿಗೆ ಹಾಕ್ತೀನಿ” ಎಂದರು.

ಅರಕಲಗೂಡಿನ ಮೇಲೆ ನನಗೇನೂ ಹಗೆಯಿಲ್ಲ. ಆದರೆ ಹಾಸನದ ನಮ್ಮ ಬಾಡಿಗೆ ಮನೆಯ ಹಿತ್ತಲಲ್ಲಿ ನಲ್ಲಿಯಿತ್ತು. ಅದಕ್ಕೆ ಮುಂಚೆ ಹೊಳೆನರಸೀಪುರದಲ್ಲಿದ್ದಾಗ ನನ್ನ ಹೆಂಡತಿ ಸಾವಿತ್ರಮ್ಮ ದಿನವೂ ದೂರದ ಬಾವಿಯಿಂದ ನೀರು ಹೊತ್ತು, ಸೊಂಟ ಹಿಡಿದುಕೊಂಡು ಕೂರುತ್ತಿದ್ದಳು. “ನೀರು ಹೊತ್ತರೆ ಯಾರಿಗಾದರೂ ಸೊಂಟ ನೋಯುತ್ತದೆಯೇ? ಕಾರಣ ಬೇರೆ ಇರಬೇಕು” ಎಂದು ನಾನು ಪೇಪರಿನ ಹಿಂದಿನಿಂದ ತೀರ್ಪು ಕೊಡುತ್ತಿದ್ದೆ. ಹಾಸನಕ್ಕೆ ಬಂದ ದಿನವೇ ಅವಳು ನಲ್ಲಿಗೆ ಅರಿಶಿನ ಕುಂಕುಮ ಹಚ್ಚಿ, “ಇದನ್ನ ಬಿಟ್ಟು ನಾನಂತೂ ಎಲ್ಲಿಗೂ ಬರಾಕಿಲ್ಲ” ಎಂದಿದ್ದಳು.

ಹಾಗಾಗಿ ನಾನು ರೋಗಿಗಳನ್ನೇ ಹಿಡಿದು ಕಾರಣ ಕೇಳತೊಡಗಿದೆ. ರಾಮನಾಥಪುರದಿಂದ ಬಂದ ನಿಂಗಮ್ಮನನ್ನು, “ಯಾವಾಗಿನಿಂದ ನೋವು?” ಎಂದು ಕೇಳಿದೆ.

“ಮದ್ವೆ ಆದಾಗ್ನಿಂದ ಕಣ್ ಸಾ. ಒಲದಿಂದ ಒಗೆಸೊಪ್ಪಿನ ಒರೆ ಒರೋದು, ಬಂದು ಸೌದೆ ಒರೋದು, ಆಮ್ಯಾಕೆ ಕುಂತಿರೋ ಗಂಡನ್ಗೆ ಮುದ್ದೆ ಇಕ್ಕೋದು.”

ಪುಸ್ತಕವನ್ನು ಹಿಂದು ಮುಂದು ಮಗುಚಿದೆ. ಸೌದೆಗೂ ನಂಬರಿಲ್ಲ, ಕುಂತಿರುವ ಗಂಡನಿಗೂ ನಂಬರಿಲ್ಲ. ಅವಳನ್ನು ಮೂಳೆಗೆ ಸೇರಿಸಿದೆ. ದಂಡಿಗನಹಳ್ಳಿಯ ರೈತನೊಬ್ಬ, “ಬಗ್ಗಿದ್ರೆ ಏನಿಲ್ಲ ಸಾ, ನೆಟ್ಗೆ ನಿಂತ್ಕಂಡ್ರೇನೇ ನೋವು” ಎಂದ. ಅವನನ್ನು ನರಕ್ಕೆ ಕಳಿಸಿದೆ. ಕೊನೆಕೊನೆಗೆ ಕೇಳುವ ತೊಂದರೆಯನ್ನೂ ಬಿಟ್ಟು ಹೆಂಗಸರಿಗೆಲ್ಲ ಮೂಳೆ, ಗಂಡಸರಿಗೆಲ್ಲ ನರ ಎಂದು ಹಂಚಿಬಿಟ್ಟೆ. ಮೇಲಿನವರು ಮೆಚ್ಚಿ ಬರೆದರು. ದೊಡ್ಡ ಡಾಕ್ಟರು ನನ್ನ ಬೆನ್ನು ತಟ್ಟಿದರು. ಒಂದು ಸೊಂಟವೂ ವಾಸಿಯಾಗಿರಲಿಲ್ಲ, ಆದರೆ ಅದನ್ನು ಕೇಳುವ ಕಾಲಂ ರಿಜಿಸ್ಟರಿನಲ್ಲಿ ಇರಲಿಲ್ಲ.

ವಾಸಿಯಾಗುತ್ತಿದ್ದುದು ನಮ್ಮ ಹಿತ್ತಲಲ್ಲಿ. ಸಾವಿತ್ರಮ್ಮ ಕಾಲು ಮುಂದಾಗಿ ಹುಟ್ಟಿದವಳು. ಅಂಥವರು ಒದ್ದರೆ ಹಿಡಿದ ಸೊಂಟ ಬಿಡುತ್ತದೆ ಎಂಬುದು ನಮ್ಮ ಕಡೆಯ ನಂಬಿಕೆ. ಆಸ್ಪತ್ರೆಯಲ್ಲಿ ನನ್ನಿಂದ ನಂಬರು ಪಡೆದವರು ಸಂಜೆ ನಮ್ಮ ಹಿತ್ತಲಿಗೆ ಬಂದು, ಗೋಡೆ ಹಿಡಿದು ಬಗ್ಗಿ, ಅವಳಿಂದ ಒಂದು ಒದೆ ತಿಂದು, ನಲ್ಲಿ ನೀರು ಕುಡಿದು, ನೆಟ್ಟಗೆ ನಡೆದು ಹೋಗುತ್ತಿದ್ದರು. ಹೊಟ್ಟೆಕಿಚ್ಚಾಗುತ್ತಿತ್ತು ನನಗೆ.

ಒಂದು ಸಂಜೆ ದೊಡ್ಡ ಡಾಕ್ಟರೇ ಸೊಂಟ ಬಗ್ಗಿಸಿಕೊಂಡು ಹಿತ್ತಲ ಬಾಗಿಲಲ್ಲಿ ಬಂದರು.

“ಏನ್ ಮಾಡಕ್ಕೋಗಿ ಹಿಂಗಾಯ್ತು ಸಾ?” ಎಂದಳು ಸಾವಿತ್ರಮ್ಮ.

“ಏನೂ ಇಲ್ಲಮ್ಮ, ಸುಮ್ನೆ ಕುರ್ಚಿಯಿಂದ ಎದ್ದೆ. ಕಾರಣವೇ ಗೊತ್ತಾಗ್ತಿಲ್ಲ.”

ಅಡುಗೆಮನೆಯ ಬಾಗಿಲ ಮರೆಯಲ್ಲಿದ್ದ ನಾನು ನಗು ತಡೆಯಲಾರದೆ ಕೆಮ್ಮಿದೆ.

“ಕಾರಣ ಇಲ್ದಿರೋ ಸೊಂಟ ನಿಮ್ಮ ಆಸ್ಪತ್ರೇಲಿ ಇರಂಗಿಲ್ವಂತಲ್ಲ ಸಾ?” ಎಂದು ಅವಳು ಒದ್ದಳು. ಸಾಮಾನ್ಯವಾಗಿ ಒದೆಯುವುದಕ್ಕಿಂತ ಸ್ವಲ್ಪ ಜೋರಾಗಿಯೇ ಒದ್ದಳು. ದೊಡ್ಡ ಡಾಕ್ಟರು ನೆಟ್ಟಗಾದರು, ನನ್ನ ಮುಖ ನೋಡದೆ ಹೊರಟುಹೋದರು. ತಾವು ಒದೆಸಿಕೊಂಡದ್ದನ್ನು ಕಂಡ ಗುಮಾಸ್ತನನ್ನು ಯಾವ ಸಾಹೇಬರು ತಾನೇ ಎದುರಿಗಿಟ್ಟುಕೊಂಡಾರು? ಸ್ವಲ್ಪ ದಿನದಲ್ಲೇ ಅರಕಲಗೂಡಿಗೆ ವರ್ಗವಾಯಿತು.

ಅಲ್ಲಿ ಸಿಕ್ಕ ಮನೆಗೆ ನಲ್ಲಿಯಿರಲಿಲ್ಲ. “ಕೆಮ್ಮಿದ್ದು ನೀವು, ನೀರೂ ನೀವೇ ಹೊತ್ಕೊಂಡ್ ಬನ್ನಿ” ಎಂದು ಸಾವಿತ್ರಮ್ಮ ಕೊಡವನ್ನು ನನ್ನ ಕೈಗೆ ಕೊಟ್ಟಳು. ದಿನವೂ ಹೊತ್ತು ತಂದೆ. ಒಂದು ಬೆಳಿಗ್ಗೆ ಕೊಡ ಇಳಿಸುವಾಗ ಸೊಂಟ ಹಿಡಿದುಕೊಂಡಿತು. ಉಸಿರಾಡುವುದಕ್ಕೂ ಆಗದೆ ಗೋಡೆ ಹಿಡಿದು ಬಗ್ಗಿ ನಿಂತೆ. ಗಂಡನಿಗೆ ಕಾಲು ತಾಗಿಸುವ ಪಾಪಕ್ಕೆ ಮುಂಗಡವಾಗಿ ನನ್ನ ಪಾದ ಮುಟ್ಟಿ ಕಣ್ಣಿಗೊತ್ತಿಕೊಂಡ ಸಾವಿತ್ರಮ್ಮ, ಎತ್ತಿದ ಕಾಲನ್ನು ಹಾಗೇ ನಿಲ್ಲಿಸಿದಳು.

“ಮೊದಲು ಕಾರಣ ಹೇಳಿ.”

“ನೀರು ಹೊತ್ತದ್ದು ಕಣೇ!”

“ನೀರು ಹೊತ್ರೆ ಯಾರಿಗಾದ್ರೂ ಸೊಂಟ ನೋಯ್ತದಾ?”

ಹೊಳೆನರಸೀಪುರದ ಬಾವಿ, ಅವಳು ಸೊಂಟ ಹಿಡಿದು ಕೂರುತ್ತಿದ್ದ ಹೊಸಿಲು, ನನ್ನ ಪೇಪರು ಎಲ್ಲ ಒಟ್ಟಿಗೆ ನೆನಪಾದವು. ನಾಚಿಕೆಯಾಯಿತು. ಸದ್ಯ, ಮುಖ ಗೋಡೆಯ ಕಡೆಗಿತ್ತು.

“ಕಾರಣ ತಿಳಿಯದು” ಎಂದೆ.

“ಹಂಗನ್ನಿ ಮತ್ತೆ” ಎಂದಳು. ಒದೆ ಬಿತ್ತು.