ಹಂಗೇರಿಯವನ ಕೆಮ್ಮು

ವಾದ್ಯವೃಂದ ನಡೆಸುವ ಕಡ್ಡಿಯನ್ನು ಸಂಗೀತಗಾರ ಲಯನೆಲ್ ಥ್ವೇಟ್ ಇನ್ನೂ ಕೆಳಗಿಳಿಸಿರಲಿಲ್ಲ, ರೆಕಾರ್ಡಿಂಗ್ ಕೋಣೆಯ ಗಾಜಿನ ಆಚೆಯಿಂದ ಚಿತ್ರದ ನಿರ್ದೇಶಕ ರೂಪರ್ಟ್ ಕೂಗಿದ.

"ನಿಲ್ಸಿ, ನಿಲ್ಸಿ! ಪರದೆ ಮೇಲೆ ಕೊಲೆ ನಡೀತಾ ಇದೆ ಕಣ್ರೀ ಥ್ವೇಟ್. ನಿಮ್ಮ ಪಿಟೀಲು ಕೇಳಿದ್ರೆ ಕೊಲೆಗಾರ ತರಕಾರಿ ತರೋಕೆ ಹೊರಟ ಹಾಗಿದೆ."

ನಲವತ್ತು ವಾದ್ಯಗಾರರು ಸ್ವರದ ಹಾಳೆಗಳ ಹಿಂದೆ ಮುಖ ಮರೆಸಿಕೊಂಡು ನಕ್ಕರು. ರೂಪರ್ಟ್ ಹೀಗೆ ನಿಲ್ಲಿಸಿದ್ದು ಇದು ನಾಲ್ಕನೆಯ ಸಲ. ಐದು ಗಂಟೆ ಹೊಡೆದರೆ ಇವರೆಲ್ಲ ಎದ್ದು ಹೋಗುತ್ತಾರೆ, ಸಂಘದ ನಿಯಮ.

"ಹೇಗೆ ಬೇಕು ಹೇಳಿ."

"ಆ ಹಂಗೇರಿಯವನ ಹಾಗೆ!"

ಚಿತ್ರ ಕತ್ತರಿಸಿ ಜೋಡಿಸುವಾಗ ಬೋಳಾಗಿ ಕಾಣದಿರಲೆಂದು ಸಂಕಲನಕಾರ ಯಾವುದೋ ಹಳೆಯ ರೆಕಾರ್ಡು ಹಚ್ಚಿರುತ್ತಾನೆ; ಈ ಸಲ ಅದು ಯಾರೋ ಹಂಗೇರಿಯವನದು. ಆರು ವಾರ ಅದನ್ನೇ ಕೇಳಿದ ನಿರ್ದೇಶಕನಿಗೆ ಅದರ ಮೇಲೆ ಪ್ರಾಣ. ಆಮೇಲೆ ಬರುವ ಸಂಗೀತಗಾರನದು ಎರಡನೇ ಹೆಂಡತಿಯ ಪಾಡು. ಮೊದಲನೆಯವಳ ಫೋಟೋ ನೋಡಲಾರೆನೆಂದು ಲಯನೆಲ್ ಆ ರೆಕಾರ್ಡನ್ನು ಕೇಳಲೇ ಇಲ್ಲ.

ಅವನಿಗೆ ಬೇಕಿದ್ದುದು ಒಂದೇ: ಪರದೆಯ ಮೇಲೆ ಹೆಸರು. ಬೆಳಿಗ್ಗೆ ಬೇಲಿಯಾಚೆಯಿಂದ ಪಕ್ಕದ ಮನೆಯ ಮಿಸೆಸ್ ಪಿಲ್ಲಿಂಗ್ ಕೇಳಿದ್ದಳು: "ಈ ಸಲನಾದ್ರೂ ನಿಮ್ಮ ಹೆಸರು ಬರುತ್ತಾ? ಹೋದ ಸಲ ನಾಯಿ ಸಾಕಿದವನ ಹೆಸರು ಬಂತು, ನಿಮ್ಮದು ಬರೋಷ್ಟರಲ್ಲಿ ಟೀವೀಲಿ ಹವಾಮಾನ ವರದಿ ಶುರುವಾಯ್ತು. ನಮ್ಮ ಮನೆಯವ್ರು ಪಾಪ, ಕನ್ನಡಕ ಹಾಕ್ಕೊಂಡು ಕೂತಿದ್ರು."

"ಈ ಸಲ ಶುರುವಲ್ಲೇ, ದೊಡ್ಡಕ್ಷರದಲ್ಲಿ" ಎಂದಿದ್ದ ಲಯನೆಲ್. ಇಷ್ಟು ಹೊತ್ತಿಗೆ ಅದು ಇಡೀ ಬೀದಿಗೆ ಗೊತ್ತಾಗಿರಬೇಕು.

ಮೂರೂವರೆಗೆ ಟೀ ಗಾಡಿ ಬಂತು. ಪಿಟೀಲಿನವರು ಅರ್ಧ ಎಳೆದ ಕಮಾನನ್ನು ಹಾಗೇ ಬಿಟ್ಟು ಎದ್ದರು. ರೂಪರ್ಟ್ ಹೊರಗೆ ಬಂದು ಲಯನೆಲ್‌ನ ತೋಳು ಹಿಡಿದ. "ಒಂದ್ಸಲ ಕೇಳಿಬಿಡಿ ಮಾರಾಯ್ರೇ."

ರೆಕಾರ್ಡು ಶುರುವಾಯಿತು. ಲಯನೆಲ್ ಅದ್ದಿದ ಬಿಸ್ಕತ್ತು ಟೀಯಲ್ಲೇ ಕುಸಿಯಿತು.

"ಲೋ ಲಯನೆಲ್!" ಕ್ಲಾರಿನೆಟ್ಟಿನ ಮುದುಕ ಆಲ್ಜಿ ಅರಚಿದ. "ಇದು ನಾವು ಆ ನೆಲಮಾಳಿಗೇಲಿ ನುಡಿಸಿದ್ದಲ್ವೇನೋ? ತಾಳು, ಈಗ ನಾನು ಕೆಮ್ತೀನಿ."

ರೆಕಾರ್ಡು ಕೆಮ್ಮಿತು.

ಹತ್ತೊಂಬತ್ತು ವರ್ಷದ ಹಿಂದೆ, ಯಾವ ಚಿತ್ರಕ್ಕೆ ಬೇಕಾದರೂ ಬಾಡಿಗೆಗೆ ಒಯ್ಯಬಹುದಾದ ರೆಕಾರ್ಡುಗಳ ಕಂಪನಿಯೊಂದಕ್ಕೆ ಲಯನೆಲ್ 'ಭಯ, ಮೂರು ನಿಮಿಷ' ಎಂಬ ಸಂಗೀತ ಬರೆದುಕೊಟ್ಟಿದ್ದ. ಭಯಕ್ಕೆ ಇಂಗ್ಲಿಷರ ಹೆಸರು ಒಗ್ಗುವುದಿಲ್ಲವೆಂದು ಅವರು ಲಾಸ್ಲೊ ಕೆರ್ತಾಯ್ ಎಂಬ ಹಂಗೇರಿಯ ಹೆಸರನ್ನು ಅಚ್ಚು ಹಾಕಿದ್ದರು.

"ಕೆರ್ತಾಯ್ ಅಂದ್ರೆ ನಾನೇ" ಎಂದ ಲಯನೆಲ್, ಕಳ್ಳತನ ಒಪ್ಪಿಕೊಳ್ಳುವವನಂತೆ.

ರೂಪರ್ಟ್ ಅವನನ್ನು ತಬ್ಬಿಕೊಂಡ. "ನೀವೇನಾ! ಮುಗೀತು ಬಿಡಿ, ಈ ರೆಕಾರ್ಡೇ ಇರಲಿ. ಶುರುವಲ್ಲೇ ಹೆಸರು, ಪರದೆ ತುಂಬಾ!"

ಲಯನೆಲ್‌ನ ಕಣ್ಣೆದುರು ಮಿಸ್ಟರ್ ಪಿಲ್ಲಿಂಗ್ ಕನ್ನಡಕ ಒರೆಸಿಕೊಳ್ಳುತ್ತಿದ್ದ.

"ಲಾಸ್ಲೊ ಕೆರ್ತಾಯ್!" ಗಾಳಿಯಲ್ಲಿ ಬರೆದು ತೋರಿಸಿದ ರೂಪರ್ಟ್. "ಆಹಾ, ಓದಿದ್ರೇ ಮೈ ಜುಂ ಅನ್ನುತ್ತೆ."

"ಆದ್ರೆ... ನನ್ನ ಹೆಸರು ಥ್ವೇಟ್."

"ಥ್ವೇಟ್ ಅಂದ್ರೆ ಯಾರು ಹೆದರ್ತಾರ್ರೀ? ಬೆಣ್ಣೆ ಬಿಸ್ಕತ್ತಿನ ಹೆಸರಿದ್ದ ಹಾಗಿದೆ." ರೂಪರ್ಟ್ ಆಲ್ಜಿಯತ್ತ ತಿರುಗಿದ. "ಆ ಕೆಮ್ಮು ನಿಮ್ದಾ ತಾತಾ? ಅದೇ ಅದರ ಜೀವ. 'ಕೆಮ್ಮು: ಆಲ್ಜಿ ಬೂತ್‌ರಾಯ್ಡ್' ಅಂತ ಹಾಕಿಸ್ತೀನಿ."

ಆಲ್ಜಿ ಟೈ ಸರಿಮಾಡಿಕೊಂಡ.

ರೂಪರ್ಟ್‌ಗೆ ಕೊನೆಗೂ ಕನಿಕರ ಹುಟ್ಟಿತು. "ನಿಮ್ಮದೂ ಹಾಕೋಣ ಥ್ವೇಟ್, ಬೇಜಾರು ಮಾಡ್ಕೋಬೇಡಿ. ಕೊನೇಲಿ, ನಾಯಿ ಸಾಕಿದವನ ಕೆಳಗೆ ಒಂಚೂರು ಜಾಗ ಇದೆ."

"ಬೇಡ" ಎಂದ ಲಯನೆಲ್. "ಅಷ್ಟರಲ್ಲಿ ಹವಾಮಾನ ಶುರುವಾಗಿರುತ್ತೆ."