ಮಂಗಳಮ್ಮನ ಗಿರಣಿಯ ದೀಪ

ಉರಿಯುವ ದೀಪವನ್ನು ಊದಬಾರದೆಂದು ಅಜ್ಜಿ ಕಲಿಸದೇ ಹೋಗಿದ್ದರೆ, ರವಿಚಂದ್ರ ಅಂದು ಬೆಳಿಗ್ಗೆಯೇ ಬೋಗಾದಿಯ ಮಂಗಳಮ್ಮನ ಹಿಟ್ಟಿನ ಗಿರಣಿಗೆ ಬೀಗ ಜಡಿದು, ಬ್ಯಾಂಕಿಗೆ ಮರಳಿ ಕಾಫಿ ಕುಡಿಯುತ್ತಿದ್ದ.

ರಸ್ತೆ ಅಗೆದಿದ್ದಾಗ ಗಿರಾಕಿಗಳು ಬರುವುದು ನಿಂತು, ಮಂಗಳಮ್ಮನ ಸಾಲದ ಕಂತು ತಪ್ಪಿತ್ತು. ಅವನು ವಸೂಲಿಗೆ ಬಂದಾಗಲೆಲ್ಲ ಅವಳು ಕೋರ್ಟಿನಿಂದ ತಡೆಯಾಜ್ಞೆ ತರುತ್ತಿದ್ದಳು. ಒಮ್ಮೆ ನೋಟಿಸು ಸರಿಯಿಲ್ಲವೆಂದು, ಒಮ್ಮೆ ಬಡ್ಡಿ ತಪ್ಪೆಂದು, ಒಮ್ಮೆ ಜಾಗದ ಚಕ್ಕುಬಂದಿ ಬೇರೆಯೆಂದು. ನುಗ್ಗೆಮರ ಕಡಿದ ಹಾಗೆ. ಒಂದು ಅರ್ಜಿ ಕಡಿದರೆ ಎರಡು ಚಿಗುರುತ್ತಿದ್ದವು. ಕೊನೆಯದು ನಿನ್ನೆ ವಜಾ ಆಗಿತ್ತು.

"ಇವತ್ತು ಬೀಗ ಹಾಕ್ಬುಟ್ಟು ಬನ್ನಿ. ನಾಳೆಯಿಂದ ನಿಮ್ಗೆ ಠೇವಣಿ ಕೌಂಟರು," ಎಂದಿದ್ದರು ಮ್ಯಾನೇಜರು.

ಠೇವಣಿ ಕೌಂಟರು! ಜನ ನಗುತ್ತಾ ಬಂದು ದುಡ್ಡು ಕೊಡುವ ಜಾಗ. ವಸೂಲಿಯ ರವಿಚಂದ್ರನನ್ನು ಕಂಡರೆ ಬೀದಿನಾಯಿಯೂ ಮುಖ ತಿರುಗಿಸುತ್ತಿತ್ತು.

ಆದರೆ ಗಿರಣಿಯ ಗೂಡಿನಲ್ಲಿ, ಚಾಮುಂಡಿಯ ಪಟದ ಮುಂದೆ ದೀಪ ಉರಿಯುತ್ತಿತ್ತು.

"ಬೀಗ ಹಾಕ್ಕಳಿ ಸಾರ್, ಬ್ಯಾಡ ಅನ್ನಲ್ಲ," ಎಂದಳು ಮಂಗಳಮ್ಮ. "ದೀಪ ಉರೀತಿರೋ ಬಾಗ್ಲಿಗೆ ಎಂಗೆ ಹಾಕ್ತೀರಾ? ತಾಯಿನ ಒಳಗೇ ಕೂಡಾಕ್ತೀರಾ?"

ರವಿಚಂದ್ರ ಬಗ್ಗಿ ನೋಡಿದ. ಎಣ್ಣೆ ತಳ ಕಂಡಿತ್ತು. "ತಾನಾಗೇ ಶಾಂತವಾಗ್ಲಿ, ಕಾಯ್ತೀನಿ," ಎಂದು ರಾಗಿಮೂಟೆಯ ಮೇಲೆ ಕೂತ.

ಸುದ್ದಿ ಬೀದಿಗೆಲ್ಲ ಹಬ್ಬಿತು. ಎದುರುಮನೆ ಮಂಟಯ್ಯ ಹರಳೆಣ್ಣೆ ತಂದು ಸುರಿದ. "ಹರಕೆ ಇತ್ತು ಸಾರ್."

"ಏನು ಹರಕೆ?"

"ಅದಿನ್ನೂ ಯೋಚ್ನೆ ಮಾಡಿಲ್ಲ."

ಹಿಂದಿನ ಬೀದಿಯ ಸರೋಜಮ್ಮ ತುಪ್ಪ ತಂದರು. "ನಿಮ್ ಹೆಸ್ರಲ್ಲೇ ಹಾಕ್ತಿದೀನಿ ಕಣಪ್ಪ, ಪ್ರಮೋಷನ್ ಸಿಗ್ಲಿ!" ಪಕ್ಕದ ಮನೆಯ ಪೌಲಿನ್ ಕೊಬ್ಬರಿ ಎಣ್ಣೆಯ ಬಾಟಲಿಯನ್ನೇ ತಂದಳು.

"ನೀವೂನಾ ಪೌಲಿನಮ್ಮ?"

"ನಾವೂ ಹಚ್ಚಿದ ಮೇಣದ ಬತ್ತಿ ಊದಲ್ಲ ಸಾರ್. ಬೆಳಕು ಬೆಳಕೇ ಕಣ್ರೀ."

ಎಣ್ಣೆ ತಂದವರು ಬರಿಗೈಲಿ ಬಂದಾರೆಯೇ? ಜೊತೆಗೊಂದು ಚೀಲ ರಾಗಿಯನ್ನೋ ಗೋಧಿಯನ್ನೋ ಹೊತ್ತು ತಂದರು. ಗಿರಣಿ ಬಿಡುವಿಲ್ಲದೆ ಗುಡುಗಿತು. ಮಧ್ಯಾಹ್ನದ ಹೊತ್ತಿಗೆ ರವಿಚಂದ್ರ ಹಿಟ್ಟಿನಲ್ಲಿ ಹೊರಳಿಸಿದ ಉಂಡೆಯಂತಾಗಿದ್ದ. ಮಂಗಳಮ್ಮ ಮುದ್ದೆ, ಸೊಪ್ಪಿನ ಸಾರು ಬಡಿಸಿದಳು. ಉಂಡ ಮೇಲೆ ಜೇಬಿನ ಬೀಗ ಯಾಕೋ ಇನ್ನಷ್ಟು ಭಾರವಾಯಿತು.

ನೆರೆಯವರು ಊಟಕ್ಕೆ ಹೋದರು. ಮಂಗಳಮ್ಮ ಬೀಸುವ ಕಲ್ಲಿನ ಹತ್ತಿರವಿದ್ದಳು. ಎಣ್ಣೆ ಮತ್ತೆ ತಳ ಕಂಡು ದೀಪ ಹೊಯ್ದಾಡತೊಡಗಿತು.

ಇದೇ ಸಮಯ! ರವಿಚಂದ್ರ ಬೀಗ ಹಿಡಿದು ಎದ್ದ. ಜ್ವಾಲೆ ಬಾಗಿತು, ಎದ್ದಿತು, ಉಸಿರು ಸಾಲದ ಮುದುಕಿಯಂತೆ ನಡುಗಿತು. ಅಜ್ಜಿ ನೆನಪಾದಳೋ, ಪಟದ ತಾಯಿಯೇ ಕಣ್ಣಲ್ಲಿ ಗದರಿದಳೋ, ಅವನ ಕೈ ತಾನಾಗಿಯೇ ಪೌಲಿನಳ ಬಾಟಲಿಗೆ ಹೋಯಿತು. ಎಣ್ಣೆ ಸುರಿದು, ಬತ್ತಿ ಮುಂದೆ ತಳ್ಳಿ, ಬೆರಳನ್ನು ತಲೆಗೆ ಒರೆಸಿಕೊಂಡ.

"ಅಂಗೇ ಇರಿ ಸಾರ್, ಎಷ್ಟು ಚೆನ್ನಾಗಿ ಕಾಣ್ತೀರಾ!" ಬಾಗಿಲಲ್ಲಿ ನಿಂತಿದ್ದ ಪೌಲಿನ್ ಫೋಟೊ ಕ್ಲಿಕ್ಕಿಸಿದಳು.

ಸಂಜೆ ಮ್ಯಾನೇಜರ ಫೋನು ಬಂತು.

"ರೀ, ಆಯಮ್ಮನ ಲಾಯರು ಲಾಸ್ಯ ಇವತ್ತು ಇನ್ನೊಂದು ಅರ್ಜಿ ಹಾಕಿದಾರೆ. ಇಷ್ಟೊತ್ತಿಗೆ ಬೀಗ ಬಿದ್ದಿರುತ್ತೆ ಅಂದ್ರು ನಮ್ ಲಾಯರು. ಅದ್ಕೆ ಲಾಸ್ಯ ಮೊಬೈಲಿಗೆ ಬಂದಿದ್ದ ನಿಮ್ ಫೋಟೊ ತೋರ್ಸಿದ್ರು! ಬ್ಯಾಂಕಿನವರೇ ಎಣ್ಣೆ ಹಾಕಿ ಉರಿಸ್ತಿರೋ ದೀಪಾನ ನಾವ್ಯಾಕೆ ಆರಿಸ್ಬೇಕು ಅಂತ ಜಡ್ಜು ನಕ್ಬುಟ್ರಂತೆ. ತಿಂಗಳು ತಿಂಗಳು ಕಂತು ಕಟ್ಲಿ, ಕಟ್ತಿರೋವರ್ಗೂ ಬೀಗ ಹಾಕಂಗಿಲ್ಲ ಅಂತ ಆರ್ಡರು."

"ಠೇವಣಿ ಕೌಂಟರು ಸಾರ್...?"

"ಮರ್ತುಬುಡಿ! ಆ ಕಂತೆಲ್ಲ ಮುಗಿಯೋವರ್ಗೂ ವಸೂಲಿ ನೀವೇ."

ಮಂಗಳಮ್ಮ ಗಲ್ಲಾಪೆಟ್ಟಿಗೆಯ ದುಡ್ಡೆಲ್ಲ ಸೆರಗಿನಲ್ಲಿ ಬಳಿದು ತಂದಳು. "ತಕ್ಕಳಿ, ಮೊದಲ್ನೇ ಕಂತು. ನೀವು ಕೂತಿದ್ರಿ ಅಂತ ಊರೇ ಬಂದು ಹಿಟ್ಟು ಬೀಸಿಸ್ಕೊಂಡೋಯ್ತು." ಅವಳು ನಗುತ್ತಿದ್ದಳು. ರವಿಚಂದ್ರನಿಗೆ ನಗುತ್ತಾ ದುಡ್ಡು ಕೊಟ್ಟವರು ಇದೇ ಮೊದಲು.

ಅವನು ರಸೀತಿ ಬರೆಯುತ್ತಿದ್ದಾಗ ಮಂಟಯ್ಯ ಬಂದು ದೀಪಕ್ಕೆ ಕೈಮುಗಿದ.

"ಹರಕೆ ಏನೂಂತ ಈಗ ಹೊಳೀತು ಸಾರ್. ತಿಂಗಳು ತಿಂಗಳೂ ನೀವೇ ಬರ್ಬೇಕು ಅಂತ!"